ಮೂಗಿನೊಳಗೆ ಊದಿದ ಹೆಸರು

ಮತ್ತೆ ಕುಂಯ್ ಎಂದಿತು ಮೈಕು, ಮಗು ಬೆಚ್ಚಿ ನನ್ನ ಸರಕ್ಕೆ ಬೆರಳು ಸಿಕ್ಕಿಸಿಕೊಂಡಿತು, ಇರು ಕಂದಾ, ಬರೀ ಮೈಕು ಅದು, ಹೆದರಬೇಕಾದದ್ದು ಅದರ ಹಿಂದೆ ನಿಂತವರಿಗೆ — ಪಾಸ್ಟರ್ ಗುರುಪಾದ, ಇಸ್ತ್ರಿ ಮುರಿಯದ ಬಿಳಿ ನಿಲುವಂಗಿ, ಇನ್ನು ಸ್ವಲ್ಪ ಹೊತ್ತಿಗೆ ನನ್ನ ಮಗಳ ತಲೆಯ ಮೇಲೆ ದೀಕ್ಷಾಸ್ನಾನದ ನೀರು ಹಾಕಿ ಹೆಸರು ಕೂಗುವವರು, ಕೆಲವು ವರ್ಷಗಳ ಹಿಂದೆ ಧಾರವಾಡದ ದೇವಜ್ಞಾನ ಶಾಲೆಯಲ್ಲಿ ನನ್ನ ಕ್ಲಾಸಿನ ಎರಡನೆಯ ಬೆಂಚಿನಲ್ಲಿ ಕೂತು ಗ್ರೀಕ್ ಅಕ್ಷರ ತಿದ್ದಿದವರು, ಮಯೂರಿ ಮೇಡಂ, ಇದೊಂದು ವಾಕ್ಯ ಬಿಡಿಸಿ ಹೇಳ್ರಿ ಎಂದು ಕಾರಿಡಾರಿನ ತುದಿಯವರೆಗೆ ಹಿಂದೆ ಬರುತ್ತಿದ್ದವರು, ಈಗ ನನಗೇ ಅರ್ಥ ಹೇಳುತ್ತಿದ್ದಾರೆ, ದೇವರು ಹೆಣ್ಣನ್ನ ಪಕ್ಕೆಲುಬಿನಿಂದ ಯಾಕ ಮಾಡಿದಾ ಅಂದ್ರ ಆಕಿ ಗಂಡನ ತೋಳಿನ ಕೆಳಗ ಇರಬೇಕು, ಅವನಿಗೆ ಸಹಾಯಕಿ ಆಗಬೇಕು ಅಂತ. ಸಹಾಯಕಿ. ಏಜೆರ್ ಎಂದಿದೆ ಹೀಬ್ರೂವಿನಲ್ಲಿ, ಕಷ್ಟದಲ್ಲಿ ಕೂಗಿದಾಗ ಓಡಿಬಂದು ಕಾಯುವ ದೇವರಿಗೂ ಅದೇ ಏಜೆರ್, ಹಾಗಾದರೆ ದೇವರೂ ನಿನ್ನ ಮನೆಯ ಪಾತ್ರೆ ತಿಕ್ಕಲು ಬಂದವನೇನಪ್ಪ ಗುರುಪಾದ? ಪಕ್ಕೆಲುಬಂತೆ, ತ್ಸೇಲಾ ಎಂದರೆ ಮಗ್ಗುಲು, ಗುಡ್ಡದ ಮಗ್ಗುಲಿಗೂ ಅದೇ, ಗುಡಾರದ ಮಗ್ಗುಲಿಗೂ ಅದೇ, ಸುಣ್ಣದ ಕಡ್ಡಿ ಮುರಿಯುವಷ್ಟು ಒತ್ತಿ ಬೋರ್ಡಿನ ಮೇಲೆ ಬರೆದಿದ್ದೆ, ನೀನು ಬರೆದುಕೊಂಡಿದ್ದೆ, ಪರೀಕ್ಷೆಯಲ್ಲೂ ಸರಿಯಾಗಿಯೇ ಬರೆದಿದ್ದೆ, ಅದೇ ನನ್ನ ಹೊಟ್ಟೆ ಉರಿಸುವುದು — ಗೊತ್ತಿಲ್ಲದವರು ತಪ್ಪು ಹೇಳಿದರೆ ತಿದ್ದಬಹುದು, ಗೊತ್ತಿದ್ದೂ ಹೇಳುವವರನ್ನು ಏನು ಮಾಡುವುದು? ಪಕ್ಕದಲ್ಲಿ ನನ್ನ ಗಂಡ ಶಶಿಕುಮಾರ ತಲೆಯಾಡಿಸುತ್ತಿದ್ದಾನೆ, ಹೌದು ಹೌದು ಎಂಬಂತೆ, ಅವನ ಆಚೆ ಮಾವನವರು, ಸಭೆಯ ಹಿರಿಯ ಶಿದ್ದಪ್ಪನವರು, ಕೋಟಿನ ಗುಂಡಿ ಕುತ್ತಿಗೆಯವರೆಗೆ.

ವಿನಯಾ ಅಂತ ಹೇಳ್ತೇನಿ, ನೀ ಸುಮ್ನ ನಿಂದ್ರು — ಬಾಗಿಲಲ್ಲಿ ಚಪ್ಪಲಿ ಬಿಡುವಾಗ ಹೇಳಿದ ಶಶಿ, ನನ್ನ ಮುಖ ನೋಡದೆ, ಮಗುವಿನ ಟೊಪ್ಪಿಗೆ ಸರಿಮಾಡುವ ನೆಪದಲ್ಲಿ. ನಿನ್ನೆಯವರೆಗೂ ಮಗಳನ್ನು ಜೋಯಾ ಎಂದೇ ಕರೆಯುತ್ತಿದ್ದವನು, ಮನೆಯೊಳಗೆ ಕಾಲಿಡುತ್ತಲೇ ಎಲ್ಲಿ ನಮ್ಮ ಜೋಯಾ ಎನ್ನುತ್ತಿದ್ದವನು. ವಿನಯಾ! ಹುಟ್ಟಿ ಇನ್ನೂ ಕುತ್ತಿಗೆ ನಿಂತಿಲ್ಲ, ಅಷ್ಟರಲ್ಲಿ ತಲೆ ತಗ್ಗಿಸುವುದನ್ನು ಕಲಿಸುವ ಹೆಸರು. ಉಣಕಲ್ಲಿನ ಮನೆಯ ಪಡಸಾಲೆಯಲ್ಲಿ ಮಾವನವರು ಚಹಾದ ಬಸಿ ಕೆಳಗಿಟ್ಟು ಹೇಳಿದ್ದು ಕಿವಿಯಲ್ಲಿದೆ, ಸಾಬರ ಹೆಸರು ನಮಗ್ಯಾಕವಾ, ಈಗಿನ ದಿನಮಾನ ನಿನಗ ಗೊತ್ತಿಲ್ಲೇನು, ಹೋದ ವರ್ಷ ನಮ್ಮ ಪ್ರಾರ್ಥನಾ ಮನಿ ಮುಂದ ಬಂದು ಕೂಗಾಡಿ ಹೋದ್ರು, ಮೊದಲ ನಮ್ಮ ಮ್ಯಾಲೆ ಕಣ್ಣು, ಅದರಾಗ ಈ ಹೆಸರು, ಕೂಸು ನಾಳೆ ಸಾಲಿಗೆ ಹೋದ್ರ ಯಾರ ಮಗಳು ಅಂತ ಕೇಳಿದ್ರ? ಅವರ ಹೆದರಿಕೆ ಖರೆ, ಸುಳ್ಳಲ್ಲ, ಅದಕ್ಕೇ ನನ್ನ ಸಿಟ್ಟಿಗೆ ನಿಲ್ಲಲು ನೆಲ ಸಿಗುವುದಿಲ್ಲ. ಮಾವಾರ, ಅದು ನಮ್ಮ ಹೆಸರೂ ಹೌದ್ರಿ ಎಂದೆ, ದೇವರು ಮಾಡಿದ ಮೊದಲ ಹೆಣ್ಣು ಹವ್ವ, ಹವ್ವ ಎಂದರೆ ಬದುಕಿಸುವವಳು, ಬದುಕಿದ್ದ ಎಲ್ಲರ ಅವ್ವ, ಹೀಬ್ರೂನಿಂದ ಗ್ರೀಕಿಗೆ ತಂದವರು ಆಕಿಗೆ ಹೆಸರಿಟ್ಟ ವಾಕ್ಯದಾಗ ಹೆಸರನ್ನ ಹಂಗ ಬಿಡಲಿಲ್ಲರಿ, ಅರ್ಥಾನ ಹೆಸರು ಮಾಡಿದ್ರು, ಜೋಏ ಅಂತ ಬರದ್ರು, ಜೋಏ ಅಂದ್ರ ಜೀವ, ನಮ್ಮ ಜೋಯಾ ಅದ. ಅವರು ಕೇಳಲಿಲ್ಲ. ಕೇಳಿದವಳು ಅಡುಗೆಮನೆಯ ಬಾಗಿಲಲ್ಲಿ ನಿಂತಿದ್ದ ನಮ್ಮವ್ವ, ಗರಗದಿಂದ ಬಾಣಂತನಕ್ಕೆಂದು ಬಂದ ಗುಡ್ಡವ್ವ, ಹಂಗಾದ್ರ ಜೀವವ್ವ ಅನ್ನೂಣು, ಚಂದ ಐತಲ್ಲ ಎಂದಳು, ಬೀಗರ ಮುಂದೆ ಸೆರಗು ತಲೆಗೆಳೆದುಕೊಂಡು. ಮಾವನವರು ಅವಳ ಕಡೆ ನೋಡಲೂ ಇಲ್ಲ. ಶಶಿ ಹೇಳಿದ, ನಿನ್ನ ಗ್ರೀಕು ನಿನ್ನ ಕ್ಲಾಸಿನ್ಯಾಗ ಇಟ್ಕೊ, ಮಯೂರಿ. ಹುಡುಗಿ ನೋಡಲು ಬಂದ ದಿನ ಇದೇ ಗ್ರೀಕನ್ನು ಬಂದವರಿಗೆಲ್ಲ ಹೆಮ್ಮೆಯಿಂದ ಹೇಳಿಕೊಂಡು ತಿರುಗಿದವನು.

ಕಡೆಗೆ ಗುರುಪಾದರ ಮನೆಗೇ ಹೋದೆ, ಬೇರೆ ಯಾರಿಗಲ್ಲದಿದ್ದರೂ ಅವರಿಗೆ ಗೊತ್ತಿದೆಯಲ್ಲ. ಕುರ್ಚಿ ಹಾಕಿದರು, ಮೇಡಂ ಎಂದರು, ನೀವು ಹೇಳೂದು ನೂರಕ್ಕ ನೂರು ಬರೋಬ್ಬರಿರಿ, ನೀವ ಕಲಿಸೀರಲ್ಲ, ಆದ್ರ ಮಂದಿಗೆ ಗ್ರೀಕು ಕೇಳಸೂದಿಲ್ಲರಿ, ಮಂದಿ ಕಿವಿಗೆ ಏನು ಬೀಳ್ತೈತಿ ಅದು ನೋಡಬೇಕು, ಹಿರಿಯರ ಮನಸು ನೋಯಿಸಬ್ಯಾಡ್ರಿ. ಮಂದಿಗೆ ಕೇಳಿಸುವ ಹಾಗೆ ಹೇಳಲಿ ಎಂದೇ ಅಲ್ಲವೇ ನಿನಗೆ ಆ ಮೈಕು ಕೊಟ್ಟದ್ದು? ಹಾಗೆ ಕೇಳುವುದು ಬಿಟ್ಟು ಅವರ ಹೆಂಡತಿ ಕೊಟ್ಟ ಅವಲಕ್ಕಿ ತಿಂದು ಎದ್ದು ಬಂದೆ. ಮಣ್ಣಿನಿಂದ ಮಾಡಿದ ಮನುಷ್ಯನ ಮೂಗಿನೊಳಗೆ ದೇವರು ಊದಿದ್ದು ಹೀಬ್ರೂವಿನಲ್ಲಿ ನಿಶ್ಮತ್ ಹಯ್ಯೀಮ್, ಗ್ರೀಕಿನಲ್ಲಿ ಪ್ನೋಎನ್ ಜೋಏಸ್, ಜೀವದ ಉಸಿರು, ನೋಡು, ಅಲ್ಲಿಯೂ ಅದೇ ಮಾತು, ಹೆಂಗಸಿನ ಹೆಸರಾಗುವುದಕ್ಕಿಂತ ಮೊದಲು ಅದು ದೇವರ ಬಾಯಿಂದ ಹೊರಟ ಗಾಳಿಯಲ್ಲಿತ್ತು, ಇದನ್ನು ಕ್ಲಾಸಿನಲ್ಲಿ ಎಷ್ಟೋ ಸಲ ಹೇಳಿದ್ದೇನೆ, ಆದರೆ ಖರೆ ಹೇಳಬೇಕೆಂದರೆ ನನಗೂ ಅದು ಆಗ ಬರೀ ವ್ಯಾಕರಣ, ಷಷ್ಠಿ ವಿಭಕ್ತಿ, ಗೊತ್ತಾದದ್ದು ಹುಬ್ಬಳ್ಳಿಯ ಆಸ್ಪತ್ರೆಯಲ್ಲಿ, ತಿಂಗಳು ತುಂಬದೆ ಹುಟ್ಟಿದ ಇವಳು ಗಾಜಿನ ಪೆಟ್ಟಿಗೆಯೊಳಗೆ ಅಂಗೈಯಷ್ಟು ಮಲಗಿದ್ದಾಗ. ಇಂಥಾ ಕೂಸುಗಳು ಉಸಿರಾಡೂದನ್ನ ಮರೀತಾವ್ರಿ ಎಂದರು ಡಾಕ್ಟರು. ಮರೆಯುತ್ತಿದ್ದಳು. ಎದೆ ನಿಲ್ಲುತ್ತಿತ್ತು, ಯಂತ್ರ ಕೂಗುತ್ತಿತ್ತು, ನರ್ಸ್ ರುಕ್ಸಾನಾ ಓಡಿಬಂದು ಅಂಗಾಲಿಗೆ ಬೆರಳಿನಿಂದ ಟಕ್ಕನೆ ಹೊಡೆಯುತ್ತಿದ್ದಳು, ಏ ಜೋಯಾ, ಎಲ್ಲಿ ಹೊಂಟಿ, ಉಸಿರು ತಗೊ, ತಗೊ ಉಸಿರು — ಎದೆ ಮತ್ತೆ ಏಳುತ್ತಿತ್ತು. ಯಾಕ ಜೋಯಾ ಅಂತೀರಿ ಎಂದು ಕೇಳಿದರೆ ನಾಚಿಕೊಂಡಳು, ನಮ್ಮಕ್ಕನ ಮಗಳ ಹೆಸರ್ರೀ, ಆಕೀನೂ ಹಿಂಗ ಸಣ್ಣಾಕಿ ಹುಟ್ಟಿದ್ಲು, ಈಗ ಮನಿ ತುಂಬ ಓಡ್ಯಾಡ್ತಾಳ. ಆ ಹೆಸರಿಗೆ ಇವಳು ತಿರುಗಿ ಬಂದಿದ್ದಾಳೆ, ಒಂದು ಸಲವಲ್ಲ, ಎಷ್ಟೋ ಸಲ, ಅದನ್ನು ಇವರು ಬಾಗಿಲಲ್ಲಿ ಚಪ್ಪಲಿಯ ಜೊತೆ ಬಿಟ್ಟು ಒಳಗೆ ಬಾ ಎನ್ನುತ್ತಾರೆ.

ಎಲ್ಲರೂ ಎದ್ದು ನಿಂತರು, ಬೆಂಚುಗಳ ಸದ್ದು, ಶಶಿ ನನ್ನ ಮೊಣಕೈ ಹಿಡಿದು ಮುಂದೆ ನಡೆಸಿದ, ಹಿತ್ತಾಳೆಯ ಬೋಗುಣಿ, ನೀರಿನಲ್ಲಿ ಕಿಟಕಿಯ ಬೆಳಕು ಮುರಿದು ಮುರಿದು ಕೂಡುತ್ತಿದೆ, ಮೂರನೆಯ ಸಾಲಿನಲ್ಲಿ ನಮ್ಮವ್ವ, ಇಂಥ ಸಭೆಗೆ ಹೊಸಬಳು, ಯಾವ ಹಾಡಿಗೂ ಬಾಯಿ ತೆರೆಯಲು ಗೊತ್ತಾಗದೆ ನನ್ನನ್ನೇ ನೋಡುತ್ತಾ. ಗುರುಪಾದ ಓದುತ್ತಿದ್ದಾರೆ, ಬಾಯಿಪಾಠವಾದದ್ದನ್ನು ಓದುವವರ ವೇಗದಲ್ಲಿ, ಬಲಗೈ ಆಗಲೇ ನೀರಿನೊಳಗಿದೆ, ಈ ಮಗುವಿಗೆ ಇದಕ್ಕೆ ಮೊದಲು ದೀಕ್ಷಾಸ್ನಾನವಾಗಿದೆಯೋ ಇಲ್ಲವೋ, ಶಶಿ ಇಲ್ಲರಿ ಎನ್ನಲು ಬಾಯಿ ತೆರೆದ, ಎಲ್ಲ ತಂದೆಯರೂ ಅನ್ನುವುದು ಅದನ್ನೇ, ಯಾರೂ ಕಿವಿಗೊಡದ ಪ್ರಶ್ನೆ ಅದು — ಆಗೇತ್ರಿ ಎಂದೆ ನಾನು.

ಆಗೇತ್ರಿ. ಮೈಕಿನಲ್ಲಿ ನನ್ನ ದನಿ ಗೋಡೆಗೆ ಬಡಿದು ತಿರುಗಿ ಬಂತು. ಹೇಳಬಾರದೆಂದೇ ಇದ್ದೆ, ಆಸ್ಪತ್ರೆಯ ಆ ಮಧ್ಯಾಹ್ನವನ್ನು ಯಾರಿಗೂ ಹೇಳಿಲ್ಲ, ಹೇಳುವುದೆಂದರೆ, ಇವಳು ಸತ್ತೇ ಹೋಗುತ್ತಾಳೆಂದು ಆವತ್ತು ನಾನು ನಂಬಿದ್ದನ್ನು ಒಪ್ಪಿಕೊಂಡ ಹಾಗೆ, ಯಾವ ತಾಯಿ ಒಪ್ಪುತ್ತಾಳೆ? ಶಶಿ ಇಂಜೆಕ್ಷನ್ ತರಲು ಕೆಳಗೆ ಹೋಗಿದ್ದ, ತುಟಿ ನೀಲಿಯಾಗಿತ್ತು, ಅಂಗಾಲಿಗೆ ಹೊಡೆದರೂ ಏಳುತ್ತಿರಲಿಲ್ಲ ಎದೆ, ಡಾಕ್ಟರು ಗಾಳಿಚೀಲ ಒತ್ತುತ್ತಾ ನನ್ನ ಕಡೆ ನೋಡುವುದನ್ನು ಬಿಟ್ಟಿದ್ದರು, ರುಕ್ಸಾನಾ ನನ್ನ ಕಿವಿಯ ಹತ್ತಿರ ಬಂದು, ಅಕ್ಕಾರ, ನಿಮ್ಮ ಕಡೆ ಏನರ ಮಾಡೂದಿದ್ರ ಈಗ ಮಾಡ್ರಿ ಎಂದಳು, ಔಷಧಕ್ಕೆ ಬೆರೆಸುವ ನೀರಿನ ಪುಟ್ಟ ಬಾಟಲಿಯ ಕತ್ತು ಮುರಿದು ಅಂಗೈಗೆ ಹಾಕಿದಳು, ಆ ನೀರನ್ನು ಹಣೆಗೆ ಮುಟ್ಟಿಸಿದೆ, ತಂದೆಯ, ಮಗನ, ಪವಿತ್ರಾತ್ಮನ ಹೆಸರಿನಲ್ಲಿ, ಜೋಯಾ, ಪಾದ್ರಿ ಸಿಗದ ಹೊತ್ತಿನಲ್ಲಿ ಯಾರು ಬೇಕಾದರೂ ಮಾಡಬಹುದು, ನಿಯಮ ಹಾಗಿದೆ, ಅದನ್ನೂ ನಾನೇ ಕಲಿಸಿದ್ದೇನೆ — ಸಂಜೆಯ ಹೊತ್ತಿಗೆ ತುಟಿ ಕೆಂಪಾಯಿತು. ಗುರುಪಾದ ಮೈಕಿನಿಂದ ಮುಖ ಸರಿಸಿ, ಮೇಡಂ, ಯಾವ ಹೆಸರಿಟ್ರಿ ಎಂದರು, ಜೋಯಾ ಎಂದೆ, ಗ್ರೀಕಿನ್ಯಾಗ ಹವ್ವನ ಹೆಸರು ಏನೈತಿ ಅಂತ ಮಂದಿಗೆ ಈಗರ ಹೇಳ್ರಿ ಪಾಸ್ಟರ್, ನೀವು ಓದೀರಿ. ಶಶಿಯ ಕೈ ನನ್ನ ಮೊಣಕೈ ಬಿಟ್ಟಿತು. ಅವನ ಕಡೆ ನೋಡಲಿಲ್ಲ. ಮಾವನವರು ಮುಂದೆ ಬಂದು, ಏನಾತ್ರಿ, ಹಾಕ್ರಿ ನೀರು, ವಿನಯಾ ಅಂತ ಹಾಕ್ರಿ ಎಂದರು, ಗುರುಪಾದ ತಗ್ಗಿದ ದನಿಯಲ್ಲಿ, ಎರಡನೇ ಸಲ ಮಾಡಾಕ ಬರೂದಿಲ್ಲ ಹಿರಿಯಾರ, ಆದದ್ದು ಆತು ಎಂದರು, ಅಷ್ಟೇ ಎಂದರು, ಹವ್ವಳ ಬಗ್ಗೆ, ಜೀವದ ಬಗ್ಗೆ ಒಂದು ಮಾತು ಹೇಳಲಿಲ್ಲ, ಮೈಕು ಎದುರಿಗೇ ಇದೆ, ಇಡೀ ಸಭೆ ಕಿವಿಯಾಗಿ ಕೂತಿದೆ, ಹೇಳು, ನೀರಿನಿಂದ ಎತ್ತಿದ ಕೈ ಹಾಗೇ ನಿಂತಿದೆ ಗಾಳಿಯಲ್ಲಿ, ಒದ್ದೆ ಬೆರಳುಗಳು, ಉಗುರಿನ ತುದಿಯಲ್ಲಿ ಹನಿ ಕೂಡುತ್ತದೆ, ಬೀಳುತ್ತದೆ, ಹೇಳು ಗುರುಪಾದ, ಮತ್ತೆ ಹನಿ ಕೂಡುತ್ತದೆ, ಯಾರ ತಲೆಯ ಮೇಲೂ ಅಲ್ಲ, ಬರೀ ನೆಲದ ಮೇಲೆ ಬೀಳುತ್ತದೆ, ಹೇಳು, ಆ ಒದ್ದೆ ಬೆರಳುಗಳು, ಮುಂದೆ ಬರಲಾರದೆ, ಹಿಂದೆ ಹೋಗಲಾರದೆ, ಆ ಒದ್ದೆ ಬೆರಳುಗಳು —