ನಾಲ್ಕು ಗಂಟೆಯ ಬೆಳಕು

"ಅಮ್ಮಾ, ನಾನು ಕ್ಯಾಮೆರಾಮನ್ ಆದ್ಮೇಲೆ ನಿನ್ನ ಕೊನೇ ಪಟ ನಾನೇ ತೆಗೀತೀನಿ" ಎಂದು ನನ್ನ ಗಂಡ ಬೊಂಗ್‌ಸೊಕ್ ಮಾತು ಕೊಟ್ಟು ಇಪ್ಪತ್ತೆರಡು ವರ್ಷವಾಯಿತು. ಕೊರಿಯಾದ ಇಂಚಾನ್‌ನ ನಮ್ಮ ಬೀದಿಯ ಮುದುಕಿಯರು ತಮ್ಮ ಹೆಣದ ಮುಂದೆ ಇಡುವ ಪಟವನ್ನು ಬದುಕಿದ್ದಾಗಲೇ ತೆಗೆಸಿಡುತ್ತಾರೆ. ಅತ್ತೆಗೆ ಅದು ಅಧಿಕ ಮಾಸದಲ್ಲೇ ಆಗಬೇಕು, ಆಯಸ್ಸು ಹೆಚ್ಚುತ್ತದಂತೆ.

ಆಗ ಇವರು ಸಿನಿಮಾದಲ್ಲಿ ಕ್ಯಾಮೆರಾ ಪೆಟ್ಟಿಗೆ ಹೊರುವ ಸಹಾಯಕ. ಲೆನ್ಸ್ ಒರೆಸಿದರು, ಫೋಕಸ್ ನೋಡಿಕೊಂಡರು, ಹನ್ನೊಂದನೇ ವರ್ಷಕ್ಕೆ ತೆರೆಯ ಮೇಲೆ ಕ್ಯಾಮೆರಾಮನ್ ಎಂದು ಹೆಸರು ಬಂತು. ಸಿಯೋಲ್‌ನ ನಟಿಯರ ಕೆನ್ನೆಗೆಲ್ಲ ಬೆಳಕು ಕಟ್ಟಿದರು. ಅಧಿಕ ಮಾಸಗಳು ಬಂದು ಹೋದವು. ಅತ್ತೆಯ ಪಟ ಮಾತ್ರ ಆಗಲಿಲ್ಲ.

ಇವತ್ತು ಈ ಸಲದ ಅಧಿಕ ಮಾಸದ ಕಡೇ ದಿನ. ಇವರಿಗೂ ರಜೆ. ಎಂಬತ್ತಮೂರರ ಅತ್ತೆ ಬೆಳಿಗ್ಗೆ ಏಳಕ್ಕೇ ಹಸಿರು ರೇಷ್ಮೆಯುಟ್ಟು ಕುರ್ಚಿಯಲ್ಲಿ ಕೂತರು. ಇವರು ಬೆಳಕು ಸೋಸಲೆಂದು ನಾನು ಒಗೆದಿಟ್ಟ ಹಾಸಿಗೆ ಹೊದಿಕೆಯನ್ನೆಲ್ಲ ಕಿಟಕಿಗೆ ಕಟ್ಟಿ, ಬಿಚ್ಚಿ, ಮತ್ತೆ ಕಟ್ಟಿದರು.

"ಬಟನ್ ಒತ್ತೋ ಮಾರಾಯ, ಸೊಂಟ ಹೋಯ್ತು."

"ತಡಿಯಮ್ಮ. ಈ ಬೆಳಕಲ್ಲಿ ಕಣ್ಣು ಗುಳಿ ಬಿದ್ದಂಗೆ ಕಾಣುತ್ತೆ."

"ಎಂಬತ್ಮೂರಕ್ಕೆ ಕಣ್ಣಲ್ಲಿ ಬೀಳ್ದೆ ಕೆನ್ನೇಲಿ ಬೀಳುತ್ತೇನೋ ಗುಳಿ?"

"ನಾಲ್ಕು ಗಂಟೆಗೆ ಪಶ್ಚಿಮದ ಕಿಟಕೀಲಿ ಒಳ್ಳೇ ಬೆಳಕು ಬರುತ್ತೆ."

ಆಗ ಗಂಟೆ ಹನ್ನೊಂದು. ನನಗೆ ತಡೆಯಲಾಗಲಿಲ್ಲ. "ರೀ, ಅಳೋಕೆ ಬಂದೋರು ನೆರಳು ಎತ್ತ ಬಿದ್ದಿದೆ ಅಂತ ನೋಡ್ತಾರಾ?"

"ನಾನು ನೋಡ್ತೀನಲ್ಲ" ಎಂದರು, ತಲೆಯೆತ್ತದೆ.

ಮೂರರ ಹೊತ್ತಿಗೆ ಅತ್ತೆ "ಗಾಳಿಗೆ ಹೋಗಿ ಬರ್ತೀನಿ" ಎಂದು ಎದ್ದು ಹೋದರು. ಇವರು ಖಾಲಿ ಕುರ್ಚಿಯ ಮೇಲೆ ಅತ್ತೆಯ ತಲೆಯ ಬದಲು ಎಲೆಕೋಸು ಇಟ್ಟು ನೆರಳು ನೋಡುತ್ತಾ ಕೂತರು. ಇಂಥವರ ಜೊತೆ ಸಂಸಾರ ನನ್ನದು.

ನಾಲ್ಕಕ್ಕೆ ಬೆಳಕು ಬಂತು. ನಿಜ ಹೇಳಬೇಕೆಂದರೆ, ಎಲೆಕೋಸು ಕೂಡ ಚೆನ್ನಾಗಿ ಕಾಣುತ್ತಿತ್ತು. ಅದೇ ಹೊತ್ತಿಗೆ ಅತ್ತೆ ಬಂದು ಒಂದು ಲಕೋಟೆಯನ್ನು ಇವರ ಕೈಗಿಟ್ಟರು. ಬೀದಿಯ ಮೂಲೆಯಲ್ಲಿರುವ ಪಾಸ್‌ಪೋರ್ಟ್ ಫೋಟೋ ಅಂಗಡಿಯದು.

"ಹತ್ತು ನಿಮಿಷದಲ್ಲಿ ಮುಗಿಸ್ದ. ಸುಕ್ಕೂ ಅಳಿಸ್ಕೊಟ್ಟ."

ಇವರು ಪಟವನ್ನು ಹೊರತೆಗೆದು ಬೆಳಕಿಗೆ ಹಿಡಿದರು. "ನೆರಳೇ ಇಲ್ವಲ್ಲಮ್ಮ."

"ನೆರಳು ಬೇಡಪ್ಪ. ನೀನು ತೆಗೆದ್ರೆ ನನ್ನ ಹೆಣದ ಮುಂದೆ ಅಳೋದು ಬಿಟ್ಟು ತಪ್ಪು ಹುಡುಕ್ತಾ ಕೂರ್ತೀಯ."

"ಬೆಳಕು ಬಂದಿದೆ. ಒಂದೇ ಒಂದು, ಕೂತ್ಕೊ."

"ಆಯ್ತಲ್ಲ, ಇನ್ನೊಂದ್ ಯಾಕೆ? ಎರಡು ಸಲ ಸಾಯ್ತೀನಾ?" ಅತ್ತೆ ರೇಷ್ಮೆ ಬಿಚ್ಚಿಟ್ಟು, ಹೂವಿನ ಪೈಜಾಮ ಹಾಕಿಕೊಂಡು, ಆ ಎಲೆಕೋಸನ್ನೇ ಹೆಚ್ಚಲು ಕೂತರು.

ನಾನು ಕಿಟಕಿಯ ಹೊದಿಕೆ ಬಿಚ್ಚಿದೆ. ಅತ್ತೆಯ ಪಟವನ್ನು ನನ್ನ ಗಂಡ ತೆಗೆಯಲಿಲ್ಲ.