ಸಿಲಿಂಡರ್ ಹೊರುವವನ ಕಿಡ್ನಿ

“ನಿನ್ನ ನ್ಯಾಯ ನಿನ್ನ ಆಸ್ಪತ್ರ್ಯಾಗ ಇಟ್ಕೋ ಸಿಸ್ಟರ! ನಾಳೆ ನನ್ನ ಗಂಡ ಸತ್ರ ನೀ ತಂದು ಕೊಡ್ತಿ ಏನು?”

ಗುರುಸಿದ್ದವ್ವನ ಕೂಗಿಗೆ ಕೊಲ್ಲಿ ದೇಶದ ಫಹಾಹೀಲ್ ಪಟ್ಟಣದ ಆ ಹಳೆಯ ಕಟ್ಟಡದಲ್ಲಿ ಅಕ್ಕಪಕ್ಕದ ಬಾಗಿಲುಗಳು ಅರ್ಧ ತೆರೆದವು. ಅವಳ ಮನೆಗೆ ಬಂದಿದ್ದ ಎದುರುಮನೆಯ ನರ್ಸ್ ಇನೆಜ್ ಮಾತ್ರ ಕೂತಲ್ಲಿಂದ ಏಳಲಿಲ್ಲ. ಒಳಗೆ ಡಯಾಲಿಸಿಸ್ ಮುಗಿಸಿ ಬಂದ ಗಂಡ ಬಾಳಪ್ಪ ಗೋಡೆಗೆ ಮುಖ ಮಾಡಿ ಮಲಗಿದ್ದ. ಅವನ ಎರಡೂ ಕಿಡ್ನಿ ಕೈಕೊಟ್ಟಿದ್ದವು.

ಉಪಾಯ ಹೇಳಿದವನು ಅಲ್ಲೇ ಕೂತಿದ್ದ ಕಟ್ಟಡದ ಮೇಲ್ವಿಚಾರಕ ಸುಂದರ. ಅವನ ಕೈಕೆಳಗಿನ ಕಾವಲುಗಾರ, ಬಾಂಗ್ಲಾದೇಶದ ಮೊತಾಲೇಬ್, ದುಡ್ಡಿಗೆ ಒಂದು ಕಿಡ್ನಿ ಕೊಡುತ್ತಾನೆ. ಬೇರೆ ದೇಶಕ್ಕೆ ಹೋಗಿ ಹಾಕಿಸಿಕೊಂಡು ಬರುವುದು, ಅಷ್ಟೇ.

“ಬಂಗಾಲಿಗಳು ಗಟ್ಟಿ ಜನ ಮಾರಾಯ್ತಿ. ಅವ್ರಿಗೆಲ್ಲ ಏನೂ ಆಗುದಿಲ್ಲ,” ಎಂದ ಸುಂದರ.

“ಬಂಗಾಲಿಗೆ ಮೂರು ಕಿಡ್ನಿ ಉಂಟಾ ಸುಂದರಣ್ಣ?” ಎಂದಳು ಇನೆಜ್. “ಅಕ್ಕ, ಕಿಡ್ನಿ ದಾನ ತಪ್ಪಲ್ಲ. ಆದ್ರೆ ಪೂರಾ ತಪಾಸಣೆ ಆಗ್ಬೇಕು. ಕೊಡುವವರನ್ನು ಒಬ್ರನ್ನೇ ಕೂರಿಸಿ, ಯಾರಾದ್ರೂ ಒತ್ತಾಯ ಮಾಡಿದ್ರಾ ಅಂತ ಡಾಕ್ಟ್ರು ಕೇಳ್ಬೇಕು. ಆಮೇಲೂ ಜೀವನಪೂರ್ತಿ ಚೆಕಪ್ ಬೇಕು. ದುಡ್ಡು ಕೊಟ್ಟು ತಗೊಳ್ಳುದು ಅಪರಾಧ.”

“ಅವನೇ ಒಪ್ಪ್ಯಾನಂತಲ್ಲ!” ಎಂದಳು ಗುರುಸಿದ್ದವ್ವ.

ಅಷ್ಟರಲ್ಲಿ ಮೊತಾಲೇಬನೇ ಬಾಗಿಲಿಗೆ ಬಂದ. ಲಿಫ್ಟ್ ಕೆಟ್ಟಿತ್ತು. ಗ್ಯಾಸ್ ಸಿಲಿಂಡರನ್ನು ಹೆಗಲ ಮೇಲೆ ನಾಲ್ಕನೆಯ ಮಹಡಿಗೆ ಹೊತ್ತು ತಂದಿದ್ದ.

“ಆಪರೇಷನ್ ಆದ ಮೇಲೆ ಕೆಲವು ವಾರ ಭಾರ ಎತ್ಲಿಕ್ಕಿಲ್ಲ,” ಎಂದಳು ಇನೆಜ್. “ಆಗ ಇದನ್ನು ಯಾರು ಹೊರುದು? ನೀವು ರಜೆ ಕೊಡ್ತೀರಾ ಸುಂದರಣ್ಣ?”

ಸುಂದರ ಮೊಬೈಲ್ ನೋಡತೊಡಗಿದ.

ಗುರುಸಿದ್ದವ್ವ ಪ್ರತಿ ಶುಕ್ರವಾರ ಮೊತಾಲೇಬನಿಗೆ ರೊಟ್ಟಿ ಕೊಡುತ್ತಿದ್ದವಳು. ಕಿಡ್ನಿಯ ಮಾತು ಬಂದ ಮೇಲೆ ಅವನ ಮುಖ ನೋಡಿರಲಿಲ್ಲ. ಈಗ ನೋಡಿದಳು. ಹರಕು ಹಿಂದಿಯಲ್ಲಿ ಕೇಳಿದಳು: “ತಮ್ಮಾ, ಖರೇ ಹೇಳು, ನಿನಗ ಮನಸ್ಸೈತೇನು?”

ಅವನು ಸುಂದರನ ಕಡೆ ನೋಡಿ ತಲೆ ತಗ್ಗಿಸಿದ. “ಬೇಡ ಅಂದ್ರೆ ಇಕಾಮಾ ಖಲಾಸ್, ಭಾಬಿ.” ಈ ದೇಶದಲ್ಲಿ ಅವನು ಇರುವ ಪರವಾನಗಿಯೇ ಸುಂದರನ ಕೈಯಲ್ಲಿತ್ತು.

ಒಳಗಿನಿಂದ ಬಾಳಪ್ಪನ ದನಿ ಬಂತು: “ಹೆದರಿದವನ ಕಿಡ್ನಿ ನನ್ನ ಹೊಟ್ಯಾಗ ಬ್ಯಾಡ.”

ಗುರುಸಿದ್ದವ್ವ ಕಣ್ಣೊರೆಸಿಕೊಂಡಳು. “ಸಿಸ್ಟರ, ನನ್ನ ರಕ್ತ ತಪಾಸಣೆ ಮಾಡಸು. ಕೂಡಿದ್ರ ನಾನ ಕೊಡ್ತೀನಿ. ಕೂಡದಿದ್ರ ಆಸ್ಪತ್ರಿ ಸರದಿಗೆ ಹೆಸರು ಬರಸೂಣು.”

“ಆಮೇಲೆ ಅಳುತ್ತಾ ನನ್ನತ್ರ ಬರ್ಬೇಡಿ,” ಎಂದು ಸುಂದರ ಎದ್ದ.

“ಇವನ ಇಕಾಮಾ ಮುಟ್ಟಿದ್ರೆ ಎಂಬಸಿಗೆ ದೂರು ಕೊಡುದು ನಾನೇ,” ಎಂದಳು ಇನೆಜ್.

ಅಣ್ಣಂದಿರೇ, ಅಕ್ಕಂದಿರೇ, ಸುಂದರನಂಥವನು ನಿಮ್ಮ ಮನೆಗೂ ಬಂದಾನು. ಮೊದಲು ಆಸ್ಪತ್ರೆಯ ಡಾಕ್ಟರನ್ನು ಕೇಳಿ. ಯಾವ ದೇಶದವನ ಮೈಯನ್ನು ಕೊಯ್ದರೂ ನೋವು ಒಂದೇ. ಜೀವ ಉಳಿಸಲು ನಿಮ್ಮವರ ಅಂಗ ಕೇಳಿ, ನಿಮ್ಮದನ್ನು ಕೊಡಿ, ಬಡವನದನ್ನು ಕೊಳ್ಳಬೇಡಿ.

ಸುಂದರ ಚಪ್ಪಲಿ ಮೆಟ್ಟಿ ಇಳಿದುಹೋದ. ಆ ಮನೆಯ ಬಾಗಿಲಿಗೆ ಮತ್ತೆ ಬರಲಿಲ್ಲ.