ಗುಂಡಿ ಹೊಲಿಯುವವಳಿಗೆ ಮೂರು ವರ್ಷ

ಆ ಕಾನೂನು ಕಾಲೇಜಿನಲ್ಲೊಂದು ಪದ್ಧತಿಯಿತ್ತು. ವಿದ್ಯಾರ್ಥಿಗಳ ಅಣಕು ನ್ಯಾಯಾಲಯದಲ್ಲಿ ಏನೇ ತೀರ್ಪು ಬರಲಿ, ಅದು ಜಾರಿಯಾಗಲೇಬೇಕು. ಬೇರೆ ಕಾಲೇಜುಗಳಲ್ಲಿ ಅಣಕು ನ್ಯಾಯಾಲಯವೆಂದರೆ ಎರವಲು ಕೋಟು ಹಾಕಿಕೊಂಡು, ಫೋಟೋ ತೆಗೆಸಿಕೊಂಡು, ಚಹಾ ಕುಡಿದು ಮನೆಗೆ ಹೋಗುವುದು. ಇಲ್ಲಿ ಆ ಆಟವೆಲ್ಲ ನಡೆಯುವುದಿಲ್ಲ. ಕ್ಯಾಂಟೀನಿನ ಬೆಕ್ಕು ಒಮ್ಮೆ ಮೊಕದ್ದಮೆ ಗೆದ್ದು ಕಾಯಂ ಬಾಡಿಗೆದಾರನಾಗಿಬಿಟ್ಟಿತ್ತು. ಅಂದಿನಿಂದ ಅಡುಗೆಯವನು ಅದನ್ನು ಒಲೆಯ ಪಕ್ಕದಿಂದ ಎಬ್ಬಿಸುವ ಹಾಗಿಲ್ಲ. ಇನ್ನೊಂದು ದಾವೆಯಲ್ಲಿ ಮೇಲಿನ ಮಹಡಿಯ ಮೆಟ್ಟಿಲು ಜಪ್ತಿಯಾಯಿತು. ಮೆಟ್ಟಿಲಿಗೆ ಅಡ್ಡಲಾಗಿ ದಾರ ಕಟ್ಟಿ ಅರಗಿನ ಮುದ್ರೆ ಒತ್ತಿದರು. ಪ್ರಾಧ್ಯಾಪಕರೆಲ್ಲ ಹಿಂದುಗಡೆಯ ಕಬ್ಬಿಣದ ಏಣಿ ಹತ್ತಿ ತರಗತಿಗೆ ಹೋಗಬೇಕಾಯಿತು. ಆಸ್ತಿ ಕಾನೂನು ಕಲಿಸುವ ದಪ್ಪನೆಯ ಮೇಷ್ಟ್ರು ಏಣಿಯ ನಡುವೆ ನಿಂತು ಏದುಸಿರು ಬಿಡುತ್ತಿದ್ದರೆ ಪ್ರಿನ್ಸಿಪಾಲರು ಕೆಳಗಿನಿಂದಲೇ, "ನ್ಯಾಯದ ದಾರಿ ಯಾವತ್ತೂ ಕಷ್ಟದ್ದೇ ಕಣ್ರೀ!" ಎಂದು ಹುರಿದುಂಬಿಸುತ್ತಿದ್ದರು.

ಇಂಥ ಕಡೆ ಸಾಹಿತ್ಯ ಕಲಿಸಲು ಹೋಗುವುದೆಂದರೆ ಕಾಲ ಮೇಲೆ ತಾನೇ ಚಪ್ಪಡಿ ಎಳೆದುಕೊಂಡ ಹಾಗೆ. ನಮ್ಮ ಮೇಡಂ ಅದನ್ನೇ ಮಾಡಿದರು. 'ಕಾನೂನು ಮತ್ತು ಸಾಹಿತ್ಯ' ಎಂಬ ಹೊಸ ವಿಷಯಕ್ಕೆ ಅವರನ್ನು ತಾತ್ಕಾಲಿಕವಾಗಿ ತೆಗೆದುಕೊಂಡಿದ್ದರು. ವಿಷಯ ಉಳಿದರೆ ಕೆಲಸ ಉಳಿಯಿತು, ಇಲ್ಲವಾದರೆ ಇಲ್ಲ. ಮನೆಯಲ್ಲಿ ಇದ್ದವರು ಇಬ್ಬರೇ, ಮೇಡಂ ಮತ್ತು ಅವರ ಅಪ್ಪ. ಮನೆ ನಡೆಯುತ್ತಿದ್ದುದು ಈ ಕೆಲಸದ ಮೇಲೆ.

ಅಪ್ಪನಿಗೆ ಎಪ್ಪತ್ತೆಂಟು. ಕೆಲಸದಲ್ಲಿದ್ದಷ್ಟು ಕಾಲ ನಿಜವಾದ ನ್ಯಾಯಾಲಯದಲ್ಲಿ ಸಾಕ್ಷಿಗಳ ಹೇಳಿಕೆ ಬರೆದುಕೊಳ್ಳುವ ಗುಮಾಸ್ತರಾಗಿದ್ದರು. ಕೊಲೆಗಾರನ ಮಾತು, ಕೊಲೆಯಾದವನ ಹೆಂಡತಿಯ ಮಾತು, ಡಾಕ್ಟರ ಮಾತು, ಕುಡುಕನ ಮಾತು, ಎಲ್ಲವನ್ನೂ ಒಂದೇ ಕೈಯಲ್ಲಿ, ಒಂದೇ ಶಾಯಿಯಲ್ಲಿ ಬರೆದ ಮನುಷ್ಯ. ತನ್ನದೆಂದು ಆತ ಬರೆದದ್ದು ಒಂದೇ ಒಂದು ಕತೆ. ಅದು ಒಂದು ಮಾಸಪತ್ರಿಕೆಯಲ್ಲಿ ಅಚ್ಚಾಯಿತು. ಮರು ತಿಂಗಳೇ ಪತ್ರಿಕೆ ನಿಂತುಹೋಯಿತು. "ನಿಮ್ಮಪ್ಪನ ಕತೆ ಓದಿ ಪತ್ರಿಕೆಯವರು ಸನ್ಯಾಸ ತಗೊಂಡ್ರು" ಎಂದು ನೆಂಟರು ತಮಾಷೆ ಮಾಡಿದಾಗಲೆಲ್ಲ ಅವರು ನಕ್ಕುಬಿಡುತ್ತಿದ್ದರು. ಉಳಿದದ್ದು ಒಂದೇ ಪ್ರತಿ. ಅದನ್ನವರು ಬಟ್ಟೆಯಲ್ಲಿ ಸುತ್ತಿಟ್ಟಿದ್ದರು. ಹೆತ್ತವರಿಗೆ ಹೆಗ್ಗಣ ಮುದ್ದು ಅಂತಾರಲ್ಲ, ಹಾಗೆ.

ಕತೆ ಸಣ್ಣದು. ಒಬ್ಬಳು ಅಂಗಿಗಳಿಗೆ ಗುಂಡಿ ಹೊಲಿದು ಬದುಕುತ್ತಿರುತ್ತಾಳೆ. ಕೊರೆಯುವ ಚಳಿಯಲ್ಲಿ ಪಕ್ಕದ ಮನೆಯವನು ಕಾರ್ಖಾನೆಯ ಉಗ್ರಾಣದಿಂದ ಒಂದು ಒಲೆ ಕದ್ದು ಹೊತ್ತು ತರುವುದನ್ನು ಕಿಟಕಿಯಿಂದ ನೋಡುತ್ತಾಳೆ. ಅವನ ಮನೆಯಲ್ಲಿ ಬಾಣಂತಿ ಹೆಂಡತಿ ನಡುಗುತ್ತಿದ್ದಾಳೆ. ಮೊಕದ್ದಮೆಯಾಗುತ್ತದೆ. ಕಟಕಟೆಯಲ್ಲಿ ಪ್ರಮಾಣ ಮಾಡಿಸಿ ಕೇಳಿದರೆ ಇವಳು, "ನಾನು ನೋಡಲಿಲ್ಲ ಸ್ವಾಮಿ, ಸೂಜಿಗೆ ದಾರ ಪೋಣಿಸ್ತಿದ್ದೆ" ಎನ್ನುತ್ತಾಳೆ. ಅಲ್ಲಿಗೆ ಕತೆ ಮುಗಿಯಿತು.

ಮೇಡಂ ಆ ಒಂದೇ ಪ್ರತಿಯನ್ನು ಕಾಲೇಜಿಗೆ ತಂದು, ಜೆರಾಕ್ಸ್ ಮಾಡಿಸಿ ಹಂಚಿ, ಈ ಕತೆಯನ್ನು ತರಗತಿಯಲ್ಲಿ ಓದಿದರು. ಚೆನ್ನಾಗಿಯೇ ಓದಿದರು. ಆದರೆ ಕೊನೆಗೆ, ಗಂಟೆ ಹೊಡೆಯಲು ಇನ್ನೂ ಸಮಯವಿದೆಯೆಂದು, "ಹೇಳಿ ನೋಡೋಣ, ಇವಳು ಮಾಡಿದ್ದು ಯಾವ ಅಪರಾಧ?" ಎಂದುಬಿಟ್ಟರು. ಅಷ್ಟು ಹೊತ್ತು ತೂಕಡಿಸುತ್ತಿದ್ದ ತರಗತಿ ದಡಬಡಿಸಿ ಎದ್ದು ಕೂತಿತು. "ಸುಳ್ಳು ಸಾಕ್ಷಿ ಮೇಡಂ!" ಎಂದು ಇಡೀ ಕೋಣೆ ಒಂದೇ ಬಾಯಲ್ಲಿ ಕೂಗಿತು. ಮಾರನೆಯ ವಾರ ಅಣಕು ನ್ಯಾಯಾಲಯದಲ್ಲಿ ಗುಂಡಿ ಹೊಲಿಯುವವಳ ಮೇಲೆ ಮೊಕದ್ದಮೆ. ನ್ಯಾಯಾಧೀಶರ ಪೀಠದಲ್ಲಿ ಪ್ರಿನ್ಸಿಪಾಲರು. "ಸತ್ಯಕ್ಕೆ ಸಾವಿಲ್ಲ, ಸುಳ್ಳಿಗೆ ಸುಖವಿಲ್ಲ" ಎಂದು ಶುರುಮಾಡಿ, ಆರೋಪಿ ತನ್ನ ಪರವಾಗಿ ಒಂದು ಮಾತೂ ಆಡದಿರುವುದನ್ನು ಗಂಭೀರವಾಗಿ ಗಮನಿಸಿ, ಮೂರು ವರ್ಷ ಸಜೆ ಕೊಟ್ಟರು.

ಮೇಡಂ ಇದೆಲ್ಲ ಮಕ್ಕಳಾಟವೆಂದು ನಗುತ್ತ ಕೂತಿದ್ದರು. ಅಟೆಂಡರು ಬಂದು ಅವರ ಕೈಯಲ್ಲಿದ್ದ ಪತ್ರಿಕೆಗೆ ಕೈಹಾಕಿದಾಗ ನಗು ಇಳಿಯಿತು.

"ಸಾರ್, ಸಜೆ ಆಗಿರೋದು ಕತೆಯೊಳಗಿನ ಹೆಂಗಸಿಗೆ, ಪುಸ್ತಕಕ್ಕಲ್ಲ!"

"ಆಕೆ ಇರೋದೆಲ್ಲಿ?" ಎಂದರು ಪ್ರಿನ್ಸಿಪಾಲರು.

"ಇದರೊಳಗೆ."

"ಮತ್ತೆ? ವಾಸಸ್ಥಳ ಬಿಟ್ಟು ಆಕೆಯೊಬ್ಬಳನ್ನೇ ಹೊರಗೆ ತೆಗೆದುಕೊಡಿ, ನಿಮ್ಮ ಪುಸ್ತಕ ನೀವು ಇಟ್ಕೊಳ್ಳಿ."

ಪತ್ರಿಕೆ ಗ್ರಂಥಾಲಯದ ಮೂಲೆಯ ಕಬ್ಬಿಣದ ಬೀರುವಿಗೆ ಹೋಯಿತು. ವಿದ್ಯಾರ್ಥಿಗಳ ಬಳಿಯಿದ್ದ ಜೆರಾಕ್ಸ್ ಪ್ರತಿಗಳನ್ನು ತಲೆಮರೆಸಿಕೊಂಡ ಕೈದಿಗಳೆಂದು ಘೋಷಿಸಿ ಸಂಜೆಯೊಳಗೆ ಒಂದೊಂದಾಗಿ ಹಿಡಿದು ತಂದರು. ಹುಡುಗನೊಬ್ಬ ತನ್ನ ಪ್ರತಿಯಲ್ಲಿ ಕಡಲೆಬೀಜ ಕಟ್ಟಿಸಿಕೊಂಡಿದ್ದ. ಕೈದಿಗೆ ಆಶ್ರಯ ಕೊಟ್ಟ ತಪ್ಪಿಗೆ ಅವನಿಗೂ ಎಚ್ಚರಿಕೆ ಪತ್ರ ಹೋಯಿತು.

ಮನೆಗೆ ಬಂದು ಹೇಳಿದರೆ ಅಪ್ಪ ಕೋಪಿಸಿಕೊಳ್ಳಲಿಲ್ಲ. ಪತ್ರಿಕೆ ಸುತ್ತಿಡುತ್ತಿದ್ದ ಬರಿಯ ಬಟ್ಟೆಯನ್ನು ಮಡಿಸುತ್ತ ಕೂತರು. ಕೊನೆಗೆ, "ಮೂರು ವರ್ಷ ಅಂದ್ರೆ... ಅಲ್ಲಿವರೆಗೆ ನಾನಿರಬೇಕಲ್ಲಮ್ಮ" ಎಂದರು. ಮೇಡಂ ಎದ್ದು ಹೋಗಿ ಬಚ್ಚಲಲ್ಲಿ ಮುಖ ತೊಳೆದುಕೊಂಡರು. ತೊಳೆದಷ್ಟೂ ಕಣ್ಣು ಒದ್ದೆಯಾಗುತ್ತಿತ್ತು.

ಶನಿವಾರ ಸಂದರ್ಶನಕ್ಕೆ ಅವಕಾಶವಿತ್ತು. ಅಪ್ಪ ಇಸ್ತ್ರಿ ಅಂಗಿ ಹಾಕಿಕೊಂಡು ಮಗಳ ಜೊತೆ ಬಂದರು. ಬೀರುವಿನ ಮುಂದೆ ಅಟೆಂಡರು ಕುರ್ಚಿ ಹಾಕಿಕೊಂಡು ಕೂತಿದ್ದ. ಬೀಗದ ಕೈ ಸೊಂಟಕ್ಕೆ ಬಂದ ಮೇಲೆ ಅವನ ನಡಿಗೆಯೇ ಬದಲಾಗಿಹೋಗಿತ್ತು.

"ಕೈದಿಗೆ ನೀವೇನಾಗ್ಬೇಕು ಯಜಮಾನ್ರೇ? ಹತ್ತಿರದ ಸಂಬಂಧಿಕರಿಗೆ ಮಾತ್ರ."

"ನಾನು ಬರೆದವನಪ್ಪ."

"ಅಂದ್ರೆ ತಂದೆ ಅಂತ ಹಾಕ್ಕೊಳ್ಲಾ?"

ಅಪ್ಪ ಸ್ವಲ್ಪ ನಾಚಿಕೊಂಡು, "ಹಾಕ್ಕೋ" ಎಂದರು.

"ಹಾಗಾದ್ರೆ ಈ ಮೇಡಂ ಆಕೆಗೆ ಅಕ್ಕನೋ ತಂಗಿಯೋ?"

"ತಂಗಿ. ಕತೆ ಮೊದಲು ಹುಟ್ಟಿದ್ದು, ಇವಳು ಆಮೇಲೆ" ಎಂದರು ಅಪ್ಪ, ಒಂದಿಷ್ಟೂ ನಗದೆ.

ಬೀರು ತೆರೆದರು. ಅಪ್ಪ ಪುಟ ತಿರುಗಿಸಿ ತಮ್ಮ ಕತೆಯನ್ನು ತುಟಿಯಲ್ಲೇ ಓದಿಕೊಂಡರು. ಮೇಡಂ ಆ ಮುಖವನ್ನೇ ನೋಡುತ್ತಿದ್ದರು. ಈ ಕತೆಯ ಬಗ್ಗೆ ಅಪ್ಪನನ್ನು ತಾನು ಈತನಕ ಒಂದೇ ಒಂದು ಪ್ರಶ್ನೆ ಕೇಳಿಲ್ಲವಲ್ಲ ಎನ್ನಿಸಿತು. "ಟೈಮಾಯ್ತು" ಎಂದು ಅಟೆಂಡರು ಬೀಗ ಹಾಕಿದ.

ಈ ನಡುವೆ ತರಗತಿಯಲ್ಲೊಬ್ಬಳಿಗೆ ಇದು ನಿದ್ದೆಗೆಡಿಸಿತು. ಮಾತು ಮಾತಿಗೂ ಎದ್ದು ನಿಲ್ಲುತ್ತಿದ್ದುದರಿಂದ ಎಲ್ಲರೂ ಅವಳನ್ನು 'ಆಕ್ಷೇಪಣೆ' ಎಂದೇ ಕರೆಯುತ್ತಿದ್ದರು. ಅವಳು ಮೇಲ್ಮನವಿ ಹಾಕಿದಳು. "ನನ್ನ ಕಕ್ಷಿದಾರಳಿಗೆ ಸ್ವಂತ ಬುದ್ಧಿಯೇ ಇಲ್ಲ. ಆಕೆಯ ಬಾಯಿಂದ ಬಂದ ಪ್ರತಿಯೊಂದು ಮಾತೂ ಬೇರೆಯವರು ತುರುಕಿದ್ದು. ಸುಳ್ಳು ಹೇಳಿಸಿದ ಲೇಖಕರನ್ನೇ ಕರೆಸಿ ಕೇಳಬೇಕು" ಎಂದು ಅವಳ ವಾದ.

ಪ್ರಿನ್ಸಿಪಾಲರಿಗೆ ಖುಷಿಯೋ ಖುಷಿ. ಮೇಡಂ ಅವರನ್ನು ಕೋಣೆಗೆ ಕರೆದು ಬಾಗಿಲು ಹಾಕಿದರು. "ನೋಡಿಮ್ಮ, ಮುಂದಿನ ವಾರ ಪರಿಶೀಲನಾ ಸಮಿತಿಯವರು ಬರ್ತಾರೆ. ಅವರ ಮುಂದೆಯೇ ಮೇಲ್ಮನವಿ ನಡೆಸೋಣ. ನಿಮ್ಮ ತಂದೆಯವರು ಆ ಒಂದು ವಾಕ್ಯ ತಿದ್ದಿ, 'ನೋಡಿದೆ' ಅಂತ ಬರೆದುಕೊಡ್ಲಿ. ಆಕೆ ಬಿಡುಗಡೆ. ಕಾನೂನು ಸಾಹಿತ್ಯವನ್ನ ತಿದ್ದಿತು ಅಂತ ಸಮಿತಿಯವರು ಕುಣಿದುಬಿಡ್ತಾರೆ. ನಿಮ್ಮ ವಿಷಯ ಕಾಯಂ, ನೀವೂ ಕಾಯಂ."

"ಅವರು ಒಪ್ಪದಿದ್ರೆ?"

"ಒಪ್ಪದಿದ್ರೆ ಆಕೆ ಒಳಗೆ, ನೀವು ಹೊರಗೆ."

ಬಿಚ್ಚಿ ಹೇಳುವ ವಿಷಯದಲ್ಲಿ ಪ್ರಿನ್ಸಿಪಾಲರನ್ನು ದೂರುವ ಹಾಗಿರಲಿಲ್ಲ.

ಸಮಿತಿ ಬರುವ ದಿನ ಬೆಳಗ್ಗೆ ಮೇಡಂ ಅಡುಗೆಮನೆಯಲ್ಲಿ ಅಪ್ಪನ ಮುಂದೆ ಚಹಾ ಇಟ್ಟು, "ಅಪ್ಪಾ, ಒಂದು ವಾಕ್ಯ ತಾನೆ?" ಎಂದರು.

"ಒಂದೇ ವಾಕ್ಯ."

"ಸಾವಿರ ಸುಳ್ಳು ಹೇಳಿ ಒಂದು ಮದುವೆ ಮಾಡು ಅಂತಾರೆ. ನಾನು ಕೇಳ್ತಿರೋದು ಒಂದು ನಿಜ ಹೇಳ್ಸಿ ಅಂತ, ಅಷ್ಟೆ. ನನ್ನ ಕೆಲಸ ಹೋಗುತ್ತೆ ಅಪ್ಪಾ. ಬಾಡಿಗೆ, ನಿಮ್ಮ ಔಷಧಿ..." ಸೆರಗಿನಿಂದ ಕಣ್ಣೊರೆಸಿಕೊಂಡರು.

ಅಪ್ಪ ಮಗಳ ಮುಖ ನೋಡಿದರು. ಚಹಾದ ಲೋಟ ಸರಿಸಿ, "ಅಳಬೇಡ ತಾಯಿ. ಬರೆದುಕೊಡ್ತೀನಿ" ಎಂದರು. ಸ್ಪಷ್ಟವಾಗಿ, ಎರಡು ಸಲ ಹೇಳಿದರು. ಮೇಡಂ ಕಾಲೇಜಿಗೆ ಬಂದವರೇ ಅದನ್ನು ಪ್ರಿನ್ಸಿಪಾಲರಿಗೆ ತಿಳಿಸಿದರು.

ಅಣಕು ನ್ಯಾಯಾಲಯ ಕಿಕ್ಕಿರಿದಿತ್ತು. ಕಬ್ಬಿಣದ ಏಣಿ ಹತ್ತಿ ಬಂದ ಸಮಿತಿಯ ಮೂವರೂ ಕರವಸ್ತ್ರದಲ್ಲಿ ಕುತ್ತಿಗೆ ಒರೆಸಿಕೊಳ್ಳುತ್ತಿದ್ದರು. ಆರೋಪಿಯನ್ನು ಅಟೆಂಡರು ಎರಡೂ ಕೈಯಲ್ಲಿ ಹಿಡಿದು ತಂದು ಕಟಕಟೆಯೊಳಗಿನ ಸ್ಟೂಲಿನ ಮೇಲೆ ಮಲಗಿಸಿದ. ಅಪ್ಪನನ್ನು ಕರೆದರು. ಪ್ರಿನ್ಸಿಪಾಲರು ತಾವೇ ಪೆನ್ನಿನ ಕ್ಯಾಪು ತೆಗೆದು ಚಾಚಿದರು.

ಅಪ್ಪ ಪೆನ್ನು ತೆಗೆದುಕೊಂಡರು. ಪುಟ ತೆರೆದರು. ತೆರೆದವರು ಹಾಗೇ ನಿಂತುಬಿಟ್ಟರು.

"ಬರೀರಿ ಯಜಮಾನ್ರೇ."

"ಆಗೋದಿಲ್ಲ ಸ್ವಾಮಿ."

"ಯಾಕೆ? ನೀವೇ ತಾನೆ ಆಕೆ ಬಾಯಲ್ಲಿ ಈ ಮಾತು ಇಟ್ಟೋರು?"

"ನಾನೆಲ್ಲಿ ಇಟ್ಟೆ?" ಎಂದರು ಅಪ್ಪ. "ಅವಳು 'ನೋಡಿದೆ' ಅಂದ್ಲು ಅಂತಲೇ ನಾನು ಬರೆಯೋಕೆ ಕೂತಿದ್ದೆ. ನನಗೇನು ಕಾನೂನು ಗೊತ್ತಿಲ್ವಾ? ಇಡೀ ಜನ್ಮ ಅದೇ ಕೋಣೇಲಿ ಕಳೆದೋನು. ಕೊನೇಲಿ ಅವಳು ಹಾಗಂದ್ಲು. ಅಂದಿದ್ದನ್ನ ಬರ್ಕೊಂಡೆ. ಸಾಕ್ಷಿ ಹೇಳಿದ್ದನ್ನ ಬರ್ಕೊಳ್ಳೋನು ತಿದ್ದಬಾರ್ದು ಸ್ವಾಮಿ. ಯಾವತ್ತೂ ತಿದ್ದಿಲ್ಲ. ಈಗ ಈ ವಯಸ್ಸಲ್ಲಿ ತಿದ್ದಲಾ?"

ಪೆನ್ನನ್ನು ಕ್ಯಾಪು ಹಾಕಿ ವಾಪಸು ಕೊಟ್ಟರು. ಸಮಿತಿಯವರೊಬ್ಬರು ಏನೋ ಬರೆದುಕೊಂಡರು. ಪ್ರಿನ್ಸಿಪಾಲರ ಮುಖ ಹುಳ್ಳಗಾಯಿತು. ಆದರೆ ಅವರೇನು ಸಾಮಾನ್ಯದವರೇ? ಮೇಜು ಕುಟ್ಟಿ, "ತಿದ್ದಿಕೊಡ್ತೀನಿ ಅಂತ ಈತ ಮೊದಲೇ ಮಾತು ಕೊಟ್ಟಿದ್ರೆ ಈಗ ತಪ್ಪೋ ಹಾಗಿಲ್ಲ! ಕೊಟ್ಟ ಮಾತನ್ನ ನ್ಯಾಯಾಲಯವೇ ನಡೆಸಿಕೊಡುತ್ತೆ, ನಾನೇ ತಿದ್ದುತೀನಿ. ಮಾತು ಕೊಟ್ಟಿದ್ದಕ್ಕೆ ಸಾಕ್ಷಿ ಯಾರಿದ್ದಾರೆ?" ಎಂದು ನೇರವಾಗಿ ಮೇಡಂ ಕಡೆ ನೋಡಿದರು. ಅವರ ಹುಬ್ಬು ಎರಡು ಸಲ ಏರಿಳಿಯಿತು. ನಿಮ್ಮ ಕೆಲಸ ನಿಮ್ಮ ಬಾಯಲ್ಲೇ ಇದೆ ಎನ್ನುವ ಹಾಗಿತ್ತು ಆ ಹುಬ್ಬು.

ಮೇಡಂ ಕಟಕಟೆ ಹತ್ತಿದರು. ಪ್ರಮಾಣ ಮಾಡಿಸಿದರು. ಸತ್ಯವನ್ನೇ ಹೇಳುತ್ತೇನೆ ಎಂದರು, ಸತ್ಯವನ್ನಲ್ಲದೆ ಬೇರೇನನ್ನೂ ಹೇಳುವುದಿಲ್ಲ ಎಂದರು. ಪಕ್ಕದ ಸ್ಟೂಲಿನ ಮೇಲೆ ಆ ಹಳೇ ಪತ್ರಿಕೆ ಬಾಯಿ ತೆರೆದು ಬಿದ್ದಿತ್ತು. ಎದುರಿಗೆ ಅಪ್ಪ ನಿಂತಿದ್ದರು. ಮಗಳು ಏನು ಹೇಳಿದರೂ ಒಪ್ಪಿಕೊಳ್ಳುವವರ ಹಾಗೆ ಕೈ ಕಟ್ಟಿಕೊಂಡಿದ್ದರು. ಸುಳ್ಳಾಡಿ ಗೊತ್ತಿಲ್ಲದ ಮನುಷ್ಯ. ಕೇಳಿದ್ದರೆ ತಾವೇ ನಿಜ ಹೇಳಿಬಿಡುತ್ತಿದ್ದರು. ಪುಣ್ಯಕ್ಕೆ ಯಾರೂ ಅವರನ್ನು ಕೇಳಲಿಲ್ಲ.

"ಇವತ್ತು ಬೆಳಗ್ಗೆ ನಿಮ್ಮ ತಂದೆ ನಿಮ್ಮ ಮುಂದೆ, ಬರೆದುಕೊಡ್ತೀನಿ ಅಂತ ಹೇಳಿದ್ದು ನೀವು ಕೇಳಿಸ್ಕೊಂಡ್ರಾ?"

ಮೇಡಂಗೆ ಬಾಡಿಗೆ ನೆನಪಾಯಿತು, ಔಷಧಿ ಚೀಟಿ ನೆನಪಾಯಿತು.

"ಇಲ್ಲ ಸಾರ್" ಎಂದರು. "ಮಿಕ್ಸಿ ಓಡ್ತಿತ್ತು."

ಮಾತಿಗೆ ಮುಂಚೆ ಎದ್ದು ನಿಲ್ಲುವ 'ಆಕ್ಷೇಪಣೆ' ಕೂಡ ಎರಡೂ ಕೈಯಲ್ಲಿ ಬೆಂಚು ಹಿಡಿದುಕೊಂಡು ಕೂತೇ ಇದ್ದಳು. ಹೇಳಿಕೆ ಬರೆದುಕೊಳ್ಳಲು ಕೂತಿದ್ದ ವಿದ್ಯಾರ್ಥಿನಿ ಪೆನ್ನೆತ್ತಿ, ಪ್ರಿನ್ಸಿಪಾಲರ ಮುಖ, ಮೇಡಂ ಮುಖ ನೋಡಿ, "ಇದನ್ನೂ ಬರ್ಕೊಳ್ಲಾ ಸಾರ್?" ಎಂದಳು.

ಅಪ್ಪ ನಿಧಾನವಾಗಿ ನಡೆದು ಹೋಗಿ ಆ ಹುಡುಗಿಯ ಪಕ್ಕ ಬೆಂಚಿನಲ್ಲಿ ಕೂತರು. "ಕೊಡಮ್ಮ ಇಲ್ಲಿ" ಎಂದು ಹಾಳೆಯನ್ನು ತಮ್ಮ ಕಡೆ ಎಳೆದುಕೊಂಡು, ಕನ್ನಡಕ ಸರಿಮಾಡಿಕೊಂಡು, ಗುಂಡುಗುಂಡಾಗಿ ಬರೆದರು. ಬರೆದು ಎದ್ದು ಕಟಕಟೆಯ ಹತ್ತಿರ ಬಂದು, ನಿಜವಾದ ನ್ಯಾಯಾಲಯದಲ್ಲಿ ಎಷ್ಟೋ ಸಾವಿರ ಜನರ ಮುಂದೆ ಓದಿದ ಅದೇ ದನಿಯಲ್ಲಿ ಓದಿ ಹೇಳಿದರು: "ನನ್ನ ತಂದೆ ಏನಾದರೂ ಹೇಳಿದ್ದನ್ನು ನಾನು ಕೇಳಿಸಿಕೊಂಡಿಲ್ಲ. ಆಗ ಮಿಕ್ಸಿ ಓಡುತ್ತಿತ್ತು."

ಓದಿ ತಲೆಯೆತ್ತಿದರು. ಕಣ್ಣು ತುಂಬಿತ್ತು.

"ನೀವು ಹೇಳಿದ ಹಾಗೇ ಬರೆದಿದ್ದೀನಾ?"

"ಹೌದಪ್ಪ."

"ಹಾಗಾದ್ರೆ ಇಲ್ಲಿ ರುಜು ಹಾಕಿ ತಾಯಿ" ಎಂದು ಅಪ್ಪ ಹಾಳೆಯನ್ನು ಕಟಕಟೆಯ ಅಂಚಿನ ಮೇಲಿಟ್ಟು, ಅಲುಗಾಡದಂತೆ ಎರಡು ಬೆರಳಿನಿಂದ ಒತ್ತಿ ಹಿಡಿದರು. ಮೇಡಂ ರುಜು ಹಾಕಿದರು.